ಮೂರು ಪೌಂಡಿನ ಹಲಗೆಯ ಮೇಲೆ ಆರು ಗಂಟೆ

ಎಲ್ರಾಯ್ ಸ್ಕೋಗೆನ್ ತನ್ನ ಐವತ್ತಾರು ವರ್ಷಗಳಲ್ಲಿ ಯಾರಿಗೂ, ಯಾವುದಕ್ಕೂ ಎದುರು ನಿಂತವನಲ್ಲ. ಹೋಟೆಲಿನಲ್ಲಿ ಹುರಿದ ಮೀನು ಕೇಳಿ, ಕೋಳಿ ಬಂದರೆ ಕೋಳಿಯನ್ನೇ ತಿಂದು, ತುಂಬ ಚೆನ್ನಾಗಿತ್ತು ಎಂದು ಹೇಳಿ ಬರುವವನು. ಚೀಸ್ ಕಾರ್ಖಾನೆಯಲ್ಲಿ ಮೂವತ್ತೊಂದು ವರ್ಷ ದುಡಿದರೂ ಅವನ ಬಾಯಿಂದ ‘ಇಲ್ಲ’ ಎಂಬ ಮಾತನ್ನು ಕೇಳಿದವರಿಲ್ಲ. ಅಂಥವನು ಸೆಪ್ಟೆಂಬರ್ ತಿಂಗಳ ಒಂದು ಗುರುವಾರ ನಾರ್ಬಿ ಟೌನಿನ ಇಡೀ ಆಡಳಿತವನ್ನು ಒಂದು ಮರದ ಮೇಲಿಂದ ಮಣಿಸಿದ. ಮಣಿಸುವ ಉದ್ದೇಶ ಅವನಿಗೆ ಇರಲಿಲ್ಲ ಎಂಬುದೊಂದೇ ಆ ಸಾಹಸದಲ್ಲಿದ್ದ ಕೊರತೆ.

ಇದಕ್ಕೆಲ್ಲ ಮೂಲ ಅವನ ಹೆಂಡತಿಯ ಅಣ್ಣ ಗೇಲನ್. ಇಪ್ಪತ್ತೆರಡು ವರ್ಷ ಇಬ್ಬರೂ ಗೇಲನ್‌ನ ನಲವತ್ತು ಎಕರೆ ಕಾಡಿನಲ್ಲಿ ಬಿಲ್ಲು ಹಿಡಿದು ಜಿಂಕೆಗೆ ಕಾದವರು. ಒಬ್ಬ ಕಾಡಿನ ಈ ತುದಿಯ ಮರದಲ್ಲಿ, ಇನ್ನೊಬ್ಬ ಆ ತುದಿಯ ಮರದಲ್ಲಿ. ಅವರ ಸ್ನೇಹ ಅಷ್ಟು ವರ್ಷ ಗಟ್ಟಿಯಾಗಿ ಉಳಿದದ್ದು ನಡುವಿನ ಆ ದೂರದಿಂದಲೇ. ಈ ವಸಂತದಲ್ಲಿ ಗೇಲನ್ ಕಾಡನ್ನು ಷಿಕಾಗೋದ ಒಬ್ಬ ಹಲ್ಲಿನ ಡಾಕ್ಟರಿಗೆ ಮಾರಿ, ತನಗೆ ಉಳಿಸಿಕೊಂಡ ಸೋಯಾ ಹೊಲದ ಅಂಚಿಗೆ ಒಂದು ಪೆಟ್ಟಿಗೆ ತಂದು ನಿಲ್ಲಿಸಿದ. ಪೆಟ್ಟಿಗೆಯೆಂದರೆ ಒಳಗೆ ಕೂತೇ ಜಿಂಕೆಗೆ ಕಾಯುವ ನಾಲ್ಕು ಚಕ್ರದ ಪುಟ್ಟ ಮನೆ. ಜಾರುವ ಕಿಟಕಿ, ಬೆಚ್ಚಗಿಡುವ ಹೀಟರು, ಹಿಂದಕ್ಕೆ ಒರಗುವ ಎರಡು ಮೆತ್ತನೆಯ ಕುರ್ಚಿ. ಎರಡನೆಯ ಕುರ್ಚಿ ಎಲ್ರಾಯ್‌ಗೆ.

ಪೆಟ್ಟಿಗೆ ಬಂದ ದಿನ ಎಲ್ರಾಯ್ ಅದರಲ್ಲಿ ಒಂದು ಗಂಟೆ ಕೂತು ನೋಡಿದ್ದ. ಗೇಲನ್ ತನ್ನ ಪಿತ್ತಕೋಶದ ಆಪರೇಷನ್ನಿನ ಕಥೆ ಶುರು ಮಾಡಿದ. ಒಂದು ಗಂಟೆ ಮುಗಿದಾಗ ಕಥೆ ಇನ್ನೂ ಆಸ್ಪತ್ರೆಯ ಹೊರಗೆ ಕಾರು ನಿಲ್ಲಿಸಲು ಜಾಗ ಹುಡುಕುತ್ತಿತ್ತು. ಬಿಲ್ಲುಬೇಟೆಯ ಕಾಲ ಮೂರೂವರೆ ತಿಂಗಳು. ಎಲ್ರಾಯ್ ಮನಸ್ಸಿನಲ್ಲೇ ಲೆಕ್ಕ ಹಾಕಿ ಬೆವರಿದ.

ಆ ಶುಕ್ರವಾರ ಸಂಜೆ ಮೀನೂಟಕ್ಕೆ ಎಲ್ಲರೂ ಸೇರಿದ್ದಾಗ ಎಲ್ರಾಯ್ ಎರಡನೆಯ ಬ್ರಾಂದಿ ಮುಗಿಸಿ ಬಾಯಿ ತೆರೆದ.

“ನಾನು ಈ ಸಲ ಕೌಂಟಿ ಕಾಡಿಗೆ ಹೋಗ್ತೀನಿ. ಜೋಲಿ ಕಟ್ಕೊಂಡು.”

ಕೌಂಟಿ ಕಾಡು ಎಲ್ಲರ ಕಾಡು, ಅಲ್ಲಿ ಬೆಳಿಗ್ಗೆ ಮರಕ್ಕೆ ಏನು ಕಟ್ಟಿದರೂ ಸಂಜೆ ಬಿಚ್ಚಿ ಹೊತ್ತು ತರಬೇಕೆಂಬುದು ನಿಯಮ. ಒಳ್ಳೆಯ ಜಾಗ ಬೇಕಾದರೆ ಕೆಸರಿನಲ್ಲಿ ಎರಡು ಮೈಲಿ ನಡೆಯಬೇಕು. ಹಾಗಾಗಿ ಈಚಿನ ಹುಡುಗರೆಲ್ಲ ಏಣಿ, ಕುರ್ಚಿ ಬಿಟ್ಟು ಜೋಲಿ ಹಿಡಿದಿದ್ದಾರೆ. ಸೊಂಟಕ್ಕೊಂದು ಪಟ್ಟಿಯ ಜೋಲಿ, ಅದರಿಂದ ಮರಕ್ಕೊಂದು ಹಗ್ಗ, ಹತ್ತಲು ಕಾಂಡಕ್ಕೆ ಕಟ್ಟುವ ನಾಲ್ಕು ಬಿಡಿ ಮೆಟ್ಟಿಲು, ಕಾಲಿಗೆ ಆಧಾರವಾಗಿ ಕಾಂಡಕ್ಕೆ ಬಿಗಿದ ಒಂದು ಪುಟ್ಟ ಅಲ್ಯೂಮಿನಿಯಂ ಹಲಗೆ. ಹಗ್ಗಕ್ಕೆ ಜೋತು, ಹಲಗೆಗೆ ಕಾಲು ಕೊಟ್ಟು ನಿಲ್ಲುವುದು. ಎಲ್ಲ ಸೇರಿ ಒಂದು ಬೆನ್ನುಚೀಲದಲ್ಲಿ ಹಿಡಿಯುತ್ತದೆ.

ಗೇಲನ್ ಮೀನಿನ ತುಂಡನ್ನು ಕೆಳಗಿಟ್ಟು ನಕ್ಕ. “ನಿನ್ನ ತೂಕ ಎಷ್ಟಯ್ಯ?”

“ಇನ್ನೂರಾ ಹತ್ತು ಪೌಂಡು,” ಎಂದ ಎಲ್ರಾಯ್. ಇನ್ನೂರ ಮೂವತ್ತೆಂಟು ಎಂಬುದು ಮನೆಯ ತಕ್ಕಡಿಗೂ ಹೆಂಡತಿಗೂ ಮಾತ್ರ ಗೊತ್ತಿತ್ತು.

“ಆ ಹಲಗೆ ಈ ತಟ್ಟೆಗಿಂತ ಚಿಕ್ಕದು. ಅದರ ಮೇಲೆ ಎಷ್ಟು ಹೊತ್ತು ನಿಲ್ತೀಯ? ಆ ಮಂಡಿ ಇಟ್ಕೊಂಡು?”

“ಆರು ಗಂಟೆ. ಆರಾಮಾಗಿ.”

ಎಲ್ರಾಯ್ ಹೆಂಡತಿ ಆರ್ಡಿಸ್ ಫೋರ್ಕನ್ನು ಮೆಲ್ಲಗೆ ಕೆಳಗಿಟ್ಟಳು. ಮೂವತ್ತು ವರ್ಷದಿಂದ ಶಾಲೆಯ ಅಡುಗೆಮನೆ ನಡೆಸುತ್ತಿರುವ ಅವಳು ಫೋರ್ಕು ಕೆಳಗಿಟ್ಟರೆ ಪಕ್ಕದ ಮೇಜಿನವರೂ ಕೈ ಕಟ್ಟಿ ಕೂರುತ್ತಾರೆ.

“ಸರಿ. ನಂಗೆ ತೋರ್ಸು,” ಎಂದಳು. “ಬೇಟೆ ಶುರುವಾಗೋಕೆ ಮುಂಚೆ, ಒಂದಿನ, ನನ್ನ ಅಡುಗೆಮನೆ ಕಿಟಕಿ ಎದುರಿಗೆ, ಆರು ಗಂಟೆ. ನಡುವೆ ನೆಲ ಮುಟ್ಟಂಗಿಲ್ಲ. ನಿಂತ್ರೆ ಕಾಡಿಗೆ ಹೋಗು. ಇಳಿದ್ರೆ ಗೇಲನ್ ಜೊತೆ ಕುರ್ಚಿ.”

ಎಲ್ರಾಯ್ ಎಂದಿನಂತೆ ‘ಆಗಲಿ’ ಎಂದ.

ಆಮೇಲಿನ ಬೇಸಿಗೆಯೆಲ್ಲ ಹಲಗೆ ಆರಿಸುವುದರಲ್ಲಿ ಕಳೆಯಿತು. ಮದುವೆಗೆ ಹೆಣ್ಣು ಆರಿಸಿದಾಗ ಅವನು ತೆಗೆದುಕೊಂಡದ್ದು ಒಂದು ಭಾನುವಾರ. ಹಲಗೆಗೆ ಹದಿನಾಲ್ಕು ವಾರ ಹಿಡಿಯಿತು. ಆರ್ಡಿಸ್‌ಳ ರೊಟ್ಟಿಹಿಟ್ಟಿನ ತಕ್ಕಡಿಯಲ್ಲಿ ಹಲಗೆಗಳನ್ನು ತೂಗಿದ, ಪಟ್ಟಿಗಳನ್ನು ತೂಗಿದ, ಒಂದೊಂದು ತಿರುಪನ್ನೂ ತೂಗಿದ. ಭಾರ ಇಳಿಸಲು ಪಟ್ಟಿಯ ಬಾಲವನ್ನು ಎರಡು ಇಂಚು ಕತ್ತರಿಸಿ, ಅರ್ಧ ಔನ್ಸ್ ಉಳಿಯಿತೆಂದು ಕುಣಿದಾಡಿ, ಆ ಖುಷಿಗೆ ಮತ್ತೊಂದು ತುಂಡು ಪೈ ತಿಂದ.

“ಆ ಪೈ ಎಷ್ಟು ಔನ್ಸು ಗೊತ್ತಾ?” ಎಂದಳು ಆರ್ಡಿಸ್.

“ಅದನ್ನ ಬೆನ್ನ ಮೇಲೆ ಹೊರಲ್ವಲ್ಲ,” ಎಂದ ಎಲ್ರಾಯ್, ಬಹಳ ಗಂಭೀರವಾಗಿ.

ಕೊನೆಗೆ ಉಳಿದದ್ದು ಎರಡು. ಒಂದು ಒಂಬತ್ತು ಪೌಂಡಿನದು, ಅಗಲ, ಅದರ ಮೇಲೆ ನಿಂತು ಬೇಕಾದರೆ ಬಟ್ಟೆ ಇಸ್ತ್ರಿ ಮಾಡಬಹುದು. ಆದರೆ ಕೆಸರಿನಲ್ಲಿ ಎರಡು ಮೈಲಿ ಹೊತ್ತರೆ ಮಂಡಿ ಅಲ್ಲೇ ಉಳಿದುಬಿಡುತ್ತದೆ. ಇನ್ನೊಂದು ಮೂರು ಪೌಂಡಿನದು, ಚೀಲದಲ್ಲಿದೆಯೋ ಇಲ್ಲವೋ ಎಂದು ಮುಟ್ಟಿ ನೋಡಬೇಕು. ಅದರ ಮೇಲೆ ಒಂದು ಬೂಟು ಆರಾಮವಾಗಿ ಹಿಡಿಯುತ್ತದೆ. ಎರಡು ಬೂಟು ಇಡಬೇಕಾದರೆ ಅವು ಪರಸ್ಪರ ಹೊಂದಿಕೊಂಡು ಹೋಗಬೇಕು. ದೊಡ್ಡದರ ಮೇಲೆ ನಿಲ್ಲಬಲ್ಲ, ಹೊರಲಾರ. ಚಿಕ್ಕದನ್ನು ಹೊರಬಲ್ಲ, ನಿಲ್ಲುವನೋ ಇಲ್ಲವೋ ಗೊತ್ತಿಲ್ಲ. ಆ ಹಲಗೆ ಆರು ಗಂಟೆ ತಾಳಿದರೆ ಕಾಡು, ಇಲ್ಲವಾದರೆ ಪಿತ್ತಕೋಶ.

ಬೇಟೆಯ ಮೊದಲ ದಿನ ಶನಿವಾರ. ಗುರುವಾರ ಆರ್ಡಿಸ್ ಶಾಲೆಗೆ ರಜೆ ಹಾಕಿದಳು. ಬೆಳಿಗ್ಗೆ ಎಲ್ರಾಯ್ ಕಾರ್ಖಾನೆಗೆ ರಜೆ ಹಾಕಿ, ಚಿಕ್ಕ ಹಲಗೆ ಹಿಡಿದು ಮನೆಮುಂದಿನ ಆಶ್ ಮರದ ಬಳಿ ಬಂದ. ಅಡುಗೆಮನೆಯ ಕಿಟಕಿಗೆ ಎದುರಾಗಿ ಇದ್ದದ್ದು ಅದೊಂದೇ ಮರ, ರಸ್ತೆಯ ಅಂಚಿನಲ್ಲಿ. ಒಣಗಿದ ಆಶ್ ಹೇಳದೆ ಕೇಳದೆ ಮುರಿಯುತ್ತದೆಂದು ಈ ಕಡೆಯ ಬೇಟೆಗಾರರಿಗೆಲ್ಲ ಗೊತ್ತು. ಅದಕ್ಕೇ ಅವನು ಮರವನ್ನು ಸುತ್ತಿ ತೊಗಟೆ ತಟ್ಟಿ, ನೆತ್ತಿಯ ಎಲೆ ನೋಡಿ, ಮರ ಕಲ್ಲಿನಂತಿದೆ ಎಂದು ಖಾತ್ರಿ ಮಾಡಿಕೊಂಡ. ಕಾಂಡದ ಮೇಲೆ ಎದೆಮಟ್ಟದಲ್ಲಿ ಕಿತ್ತಳೆ ಬಣ್ಣದ ಒಂದು ಪಟ್ಟೆಯಿತ್ತು. ಗ್ಯಾಸ್ ಪೈಪು ಹಾಕುವವರು ಗುರುತಿಗೆ ಹಚ್ಚಿರಬೇಕೆಂದುಕೊಂಡ. ಕಾಡಿನಲ್ಲಿ ಮಾಡುವಂತೆಯೇ ಹೆಸರು, ವಿಳಾಸ ಬರೆದ ತಗಡಿನ ಬಿಲ್ಲೆಯನ್ನು ಕೆಳಗಿನಿಂದ ಎರಡನೆಯ ಮೆಟ್ಟಿಲಿಗೆ ತೂಗುಹಾಕಿದ. ಅದು ಸರಿಯಾಗಿ ಆ ಕಿತ್ತಳೆ ಪಟ್ಟೆಯ ಮೇಲೆ ಬಂದು ಕೂತಿತು. ನಾಲ್ಕು ಮೆಟ್ಟಿಲು ಹತ್ತಿ, ಹತ್ತಡಿ ಎತ್ತರದಲ್ಲಿ ಹಲಗೆ ಬಿಗಿದು, ಜೋಲಿಗೆ ಜೋತು ನಿಂತ. ಕಿಟಕಿಯಲ್ಲಿ ಆರ್ಡಿಸ್ ಗಡಿಯಾರ ತೋರಿಸಿದಳು. ಒಂಬತ್ತು ಗಂಟೆ.

ಮಾಡುವುದಾದರೆ ಸರಿಯಾಗಿ ಮಾಡಬೇಕೆಂಬುದು ಅವನ ಸ್ವಭಾವ. ಕಾಡಿನಲ್ಲಿ ಹೇಗೋ ಇಲ್ಲೂ ಹಾಗೆಯೇ: ಅಲುಗಾಟವಿಲ್ಲ, ಕೆಮ್ಮಿಲ್ಲ, ಮಾತಾಡಲೇಬೇಕಾದರೆ ಪಿಸುಮಾತು.

ಒಂಬತ್ತೂ ಇಪ್ಪತ್ತಕ್ಕೆ ಎದುರುಮನೆಯ ವಾಂಡಾ ಕುಲಾಸ್ ಅಂಚೆಪೆಟ್ಟಿಗೆ ನೋಡಲು ಹೊರಗೆ ಬಂದಳು. ವಯಸ್ಸು ಎಂಬತ್ತೊಂದು, ಕಣ್ಣು ಹದ್ದಿನದು. ಮರ ನೋಡಿದಳು, ಬಿಲ್ಲೆ ನೋಡಿದಳು, ಮೇಲೆ ನೋಡಿದಳು.

“ಎಲ್ರಾಯ್? ನೀನಾ?”

“ಹೂಂ, ಮಿಸೆಸ್ ಕುಲಾಸ್,” ಎಂದು ಪಿಸುಗುಟ್ಟಿದ.

“ಇಳಿಯಲ್ವಾ?”

“ಆರು ಗಂಟೆ ಕಾಲ ಇಳಿಯಲ್ಲ. ಏನೇ ಆದ್ರೂ.”

ವಾಂಡಾ ಅಂಚೆಪೆಟ್ಟಿಗೆಯನ್ನು ಮರೆತಳು. “ಈ ಊರಲ್ಲಿ ಗಂಡಸರೇ ಇಲ್ಲ ಅಂದ್ಕೊಂಡಿದ್ದೆ ಕಣಪ್ಪಾ,” ಎಂದು ಕಣ್ಣೊರೆಸಿಕೊಂಡು, ಎಂಬತ್ತೊಂದರ ಕಾಲಿಗೆ ಒಪ್ಪದ ವೇಗದಲ್ಲಿ ಮನೆಯೊಳಗೆ ಹೋಗಿ ಫೋನು ಹಿಡಿದಳು. ಮರದಲ್ಲಿ ನಿಲ್ಲುವುದಕ್ಕೆ ಇಷ್ಟು ಅಳುವುದೇನಿದೆಯೆಂದು ಎಲ್ರಾಯ್‌ಗೆ ಆಶ್ಚರ್ಯವಾಯಿತು. ಆದರೂ ಸಂತೋಷವಾಯಿತು. ಜೋಲಿಬೇಟೆಯ ಬೆಲೆ ತಿಳಿದ ಮುದುಕಿ ಎಂದುಕೊಂಡ.

ಹತ್ತು ಗಂಟೆಗೆ ಟೌನಿನ ಲಾರಿ ಬಂತು. ಅದರಿಂದ ಬಡ್ ಝೀಗ್ಲರ್ ಮತ್ತು ಇನ್ನಿಬ್ಬರು ಮೋಟಾರು ಗರಗಸ ಹಿಡಿದು ಇಳಿದರು. ಆಶ್ ಮರಗಳಿಗೆ ಹಸಿರು ಕೊರಕ ಹುಳು ಬಂದಿದೆಯೆಂದು ಏಪ್ರಿಲ್ ಸಭೆಯಲ್ಲಿ ಟೌನು ತೀರ್ಮಾನಿಸಿ, ಚರ್ಚ್ ರಸ್ತೆಯ ಹದಿನೇಳು ಆಶ್ ಮರಗಳಿಗೂ ಕಿತ್ತಳೆ ಬಣ್ಣ ಹಚ್ಚಿಸಿತ್ತು. ಮೊದಲನೆಯದು ಇದು. ಬಡ್ ಗರಗಸ ಚಾಲೂ ಮಾಡುವ ಹಗ್ಗಕ್ಕೆ ಕೈ ಹಾಕಿದವನು ಬಿಲ್ಲೆ ನೋಡಿ ಕೈ ತೆಗೆದ. ಟೋಪಿಯನ್ನೂ ತೆಗೆದ.

“ಯಾರದೋ ಹಲಗೆ ಇದೆ ಇದ್ರಲ್ಲಿ.”

“ಮನುಷ್ಯಾನೂ ಇದಾನೆ,” ಎಂದ ಇನ್ನೊಬ್ಬ, ಮೇಲೆ ನೋಡಿ.

ಮನುಷ್ಯ ಇದ್ದರೆ ಇಳಿ ಎನ್ನಬಹುದು, ಕೈ ಹಿಡಿದು ಎಳೆಯಬಹುದು. ಆದರೆ ಹೆಸರಿನ ಬಿಲ್ಲೆ ತೂಗುವ ಇನ್ನೊಬ್ಬನ ಹಲಗೆಯನ್ನು ನಾರ್ಬಿಯಲ್ಲಿ ಯಾರೂ ಮುಟ್ಟುವುದಿಲ್ಲ. ತೊಂಬತ್ತನಾಲ್ಕರಲ್ಲಿ ಒಬ್ಬ ಇನ್ನೊಬ್ಬನ ಅಟ್ಟಣೆಯನ್ನು ಬಿಚ್ಚಿ ಪಕ್ಕದ ಮರಕ್ಕೆ ಕಟ್ಟಿದ್ದ. ಆ ಎರಡು ಮನೆಯವರು ಇಂದಿಗೂ ಚರ್ಚಿನಲ್ಲಿ ಒಂದೇ ಬೆಂಚಿನಲ್ಲಿ ಕೂರುವುದಿಲ್ಲ. ಒಂದು ಮನೆಯವರು ಪಂಥವನ್ನೇ ಬದಲಾಯಿಸಿದರು.

“ಎಲ್ರಾಯ್,” ಎಂದ ಬಡ್ ಗೌರವದಿಂದ, “ನಾವು ಈ ಮರ ಕಡೀಬೇಕಿತ್ತು.”

ಎಲ್ರಾಯ್‌ಗೆ ಗಾಬರಿಯಾಯಿತು. ಅವರ ಕೆಲಸ ಕೆಡಿಸಿದೆನಲ್ಲ ಎಂದು ಬೇಸರವಾಯಿತು. ಇಳಿದುಬಿಡೋಣವೆಂದು ಒಂದು ಕಾಲು ಎತ್ತಿದ. ಅಷ್ಟರಲ್ಲಿ ಕಿಟಕಿಯಲ್ಲಿ ಆರ್ಡಿಸ್ ಕಂಡಳು, ಅವಳ ಹಿಂದೆ ಇಡೀ ಶರತ್ಕಾಲದುದ್ದಕ್ಕೂ ಒರಗಿದ ಪೆಟ್ಟಿಗೆಯ ಆ ಮೆತ್ತನೆಯ ಕುರ್ಚಿ ಮನಸ್ಸಿಗೆ ಕಂಡಿತು. ಕಾಲು ಮತ್ತೆ ಹಲಗೆಗೆ ಬಂತು.

“ಕ್ಷಮ್ಸು ಬಡ್. ಮೂರು ಗಂಟೆವರೆಗೂ ಆಗಲ್ಲ.”

“ನಾವೇನೂ ಮುಟ್ಟಲ್ಲ ಬಿಡು,” ಎಂದು ಬಡ್ ಟೌನಿನ ಅಧ್ಯಕ್ಷರಿಗೆ ಫೋನು ಮಾಡಿದ.

ಅಧ್ಯಕ್ಷ ಲೈಲ್ ಬ್ರಾಟನ್ ವಿಮೆ ಮಾರುವವನು. ಯಾವ ವಿಪತ್ತಿನಲ್ಲೂ ಮೊದಲು ಸಣ್ಣ ಅಕ್ಷರ ಓದುವ ಅಭ್ಯಾಸ. ಅವನು ಬರುವ ಹೊತ್ತಿಗೆ ವಾಂಡಾಳ ಫೋನು ಕೆಲಸ ಮಾಡಿತ್ತು. ಹುಲ್ಲಿನ ಮೇಲೆ ಮಡಚುವ ಕುರ್ಚಿಗಳು ಬಿಚ್ಚಿಕೊಂಡಿದ್ದವು. ಯಾರೋ ದೊಡ್ಡ ಪಾತ್ರೆಯಲ್ಲಿ ಕಾಫಿ ತಂದಿದ್ದರು. ಚರ್ಚಿನ ಹೆಂಗಸರು ಮಾಂಸ, ಬಟಾಟೆ, ಚೀಸು ಸೇರಿಸಿದ ಹಾಟ್‌ಡಿಶ್ ಬೇಯಿಸಿ ತಂದು, ಎಲ್ರಾಯ್ ಬಿಲ್ಲು ಸೇದಲು ಇಳಿಬಿಟ್ಟಿದ್ದ ಹಗ್ಗಕ್ಕೆ ಬಟ್ಟಲು ಕಟ್ಟಿ, “ಎಳ್ಕೊಳಪ್ಪಾ,” ಎನ್ನುತ್ತಿದ್ದರು. ಯಾರಿಗೂ ಇಲ್ಲವೆನ್ನದ ಎಲ್ರಾಯ್ ಮೂರು ಮನೆಯ ಹಾಟ್‌ಡಿಶ್ ಎಳೆದುಕೊಂಡು ತಿಂದ. ಹಲಗೆಯ ಮೇಲಿನ ಭಾರ ನಿಮಿಷನಿಮಿಷಕ್ಕೂ ಹೆಚ್ಚುತ್ತಿತ್ತು.

“ಎಲ್ರಾಯ್! ಇಳಿ ಕೆಳಗೆ!” ಎಂದು ಕೂಗಿದ ಲೈಲ್.

ಎಲ್ರಾಯ್ ಪಿಸುಗುಟ್ಟಿದ್ದು ಕೆಳಗೆ ಬುಡದಲ್ಲಿ ನಿಂತ ಬಡ್‌ಗೆ ಮಾತ್ರ ಕೇಳುತ್ತಿತ್ತು. ಬಡ್ ಅದನ್ನು ಎಲ್ಲರಿಗೂ ಸಾರಿದ. “ಆಗಲ್ವಂತೆ!”

“ಯಾಕಂತೆ?”

“ಆರ್ಡಿಸ್‌ಗೆ ಮಾತು ಕೊಟ್ಟಿದಾನಂತೆ!”

ಎಲ್ಲರೂ ಕಿಟಕಿಯತ್ತ ತಿರುಗಿದರು. ಆರ್ಡಿಸ್ ಬಟಾಟೆ ಸುಲಿಯುತ್ತಿದ್ದಳು, ತಲೆಯೆತ್ತಲಿಲ್ಲ. ಲೈಲ್ ಕೊರಳಪಟ್ಟಿ ಸಡಿಲ ಮಾಡಿಕೊಂಡ. ಅವನ ಮೂರು ಮಕ್ಕಳೂ ಆರ್ಡಿಸ್‌ಳ ಕೈಯಡುಗೆ ಉಂಡು ಬೆಳೆದವರು, ಅವನೂ ಸಹ.

“ಅಲ್ಲಯ್ಯಾ, ಏಪ್ರಿಲ್ ಸಭೇಲಿ ಮರ ಕಡೀಬೇಕು ಅಂತ ಕೈ ಎತ್ತಿದ್ದೇ ನೀನು! ವಾಂಡಾ ಒಬ್ಬಳೇ ಬೇಡ ಅಂದಿದ್ದು!”

ಎಲ್ರಾಯ್‌ಗೆ ಆ ಸಭೆಯ ನೆನಪಾಯಿತು. ಅವನು ಹಿಂದಿನ ಸಾಲಿನಲ್ಲಿ ಜೋಲಿಗಳ ಬೆಲೆಪಟ್ಟಿ ಮಡಿಲಲ್ಲಿಟ್ಟುಕೊಂಡು ಓದುತ್ತಿದ್ದ. ಎಲ್ಲರೂ ಕೈ ಎತ್ತಿದರು, ಅವನೂ ಎತ್ತಿದ. ಯಾತಕ್ಕೆಂದು ಕೇಳಿದರೆ ಪಕ್ಕದವರಿಗೆ ತೊಂದರೆ. ಈಗ ಕೆಳಗೆ ವಾಂಡಾ ಎರಡು ಕೈ ಜೋಡಿಸಿ ಅವನನ್ನೇ ನೋಡುತ್ತಿದ್ದಳು. ಅವಳ ಮನೆಯ ಮುಂದಿನದೂ ಆಶ್ ಮರವೇ. ಅವಳ ಗಂಡ ನೆಟ್ಟದ್ದು. ಎಲ್ರಾಯ್ ನಾಚಿಕೆಯಿಂದ ಕುಗ್ಗಿದ.

“ತಪ್ಪಾಯ್ತು,” ಎಂದು ಪಿಸುಗುಟ್ಟಿದ.

“ತಪ್ಪಾಯ್ತಂತೆ!” ಎಂದು ಬಡ್ ಸಾರಿದ.

ನಾರ್ಬಿ ಟೌನು ಹುಟ್ಟಿದ ನೂರಾ ಅರವತ್ತು ವರ್ಷಗಳಲ್ಲಿ, ಸಭೆಯಲ್ಲಿ ಕೈ ಎತ್ತಿದವನೊಬ್ಬ ಆಮೇಲೆ ತಪ್ಪಾಯಿತೆಂದು ಹೇಳಿದ್ದು ಅದೇ ಮೊದಲು. ಒಬ್ಬ ಮುದುಕ ಎದ್ದು ನಿಂತ. ಉಳಿದವರೂ ನಿಂತರು. ಎಲ್ಲರೂ ನಿಂತಾಗ ಕೂತಿರುವುದು ಚೆನ್ನಲ್ಲವೆಂದು ಲೈಲ್‌ನೂ ನಿಂತೇ ಇದ್ದ.

ಮಧ್ಯಾಹ್ನಕ್ಕೆ ಗೇಲನ್ ಬಂದ. ಅವನು ಬಂದದ್ದು ಇಷ್ಟು ಹೊತ್ತಿಗೆ ಇಳಿದಿರಬಹುದಾದ ಎಲ್ರಾಯ್‌ನನ್ನು ಸಮಾಧಾನಪಡಿಸಿ ಪೆಟ್ಟಿಗೆಯ ಕೀಲಿಯ ಇನ್ನೊಂದು ಜೊತೆ ಕೊಡಲು. ಗುಂಪು ನೋಡಿ ದಂಗಾದ. ಯಾರೋ ಅವನಿಗೆ, “ನಿಮ್ಮ ತಂಗಿ ಗಂಡನಾ? ನೀವು ಪುಣ್ಯವಂತರು,” ಎಂದರು. ಗೇಲನ್ ಎದೆ ಸೆಟೆಸಿ, “ಹೂಂ, ನಾನೇ ಬೆಳೆಸಿದ್ದು,” ಎಂದು ಕುರ್ಚಿ ಹಿಡಿದು ಕೂತ.

ಇಷ್ಟೆಲ್ಲ ಮೆಚ್ಚುಗೆ ಕೆಳಗೆ ಹರಿಯುತ್ತಿರುವಾಗ ಮೇಲೆ ಎಲ್ರಾಯ್‌ನ ಅಂಗಾಲು ಉರಿಯುತ್ತಿತ್ತು. ಹತ್ತಿ ನಿಂತು ನಾಲ್ಕು ತಾಸಾಗಿತ್ತು. ಎಡ ಮಂಡಿ ತನ್ನದೇ ಭಾಷೆಯಲ್ಲಿ ಬೈಯಲು ಶುರು ಮಾಡಿತ್ತು. ದೊಡ್ಡ ಹಲಗೆ ತರಬೇಕಿತ್ತು, ಆಗದು, ಇಳಿಯುತ್ತೇನೆ ಎಂದುಕೊಳ್ಳುತ್ತಿರುವಾಗ ಕೌಂಟಿಯ ಅರಣ್ಯಾಧಿಕಾರಿಯ ಜೀಪು ಬಂತು. ಲೈಲ್‌ನೇ ಕರೆಸಿದ್ದು, ಮರ ಸತ್ತಿದೆಯೆಂದು ಅವಳ ಬಾಯಿಂದ ಹೇಳಿಸಲು. ಮಾಯ್ ವೂ ಎಂಬ ಆ ಹೆಂಗಸು ಮೂವತ್ತರ ಆಸುಪಾಸು, ಕುಳ್ಳಿ, ಮಾತು ಕಡಿಮೆ. ಮರದ ಬುಡ ನೋಡಿದಳು, ನೆತ್ತಿ ನೋಡಿದಳು. ಆಮೇಲೆ ಎಲ್ರಾಯ್‌ನ ಬೂಟು ನೋಡಿದಳು. ಬಹಳ ಹೊತ್ತು ನೋಡಿದಳು.

“ನಾನು ಇವರ ಹತ್ರ ಮಾತಾಡ್ಬೇಕು,” ಎಂದು ಜೀಪಿನಿಂದ ಏಣಿ ತಂದು ಹತ್ತಿ, ಅವನ ಕಿವಿಯ ಹತ್ತಿರ ಬಂದಳು.

“ಸ್ಕೋಗೆನ್ ಅವರೇ, ಇದು ಮೂರು ಪೌಂಡಿಂದಾ?” ಎಂದು ಪಿಸುಗುಟ್ಟಿದಳು.

ಎಲ್ರಾಯ್‌ಗೆ ಕಣ್ಣೀರೇ ಬಂತು. ಇಡೀ ದಿನದಲ್ಲಿ ಕೆಲಸಕ್ಕೆ ಬರುವ ಮಾತಾಡಿದವಳು ಇವಳೊಬ್ಬಳೇ. “ಎರಡು ಪೌಂಡು ಹದಿನೈದೂವರೆ ಔನ್ಸು. ಪಟ್ಟಿ ಕತ್ತರಿಸಿದೀನಿ.”

“ನನ್ನ ಹತ್ರಾನೂ ಇದೇ ಇರೋದು. ಮೂರು ವರ್ಷದಿಂದ. ಕಾಲು ಉರೀತಿದೆಯಾ?”

“ಬೆಂಕಿ. ಮಂಡಿ ಬೇರೆ. ದೊಡ್ಡದೇ ತಗೋಬೇಕಿತ್ತು.”

“ದೊಡ್ಡದು ತಗೊಂಡ್ರೆ ಕೆಸರಲ್ಲಿ ಹೂತ್ಹೋಗ್ತೀರ. ಹಲಗೆ ಸರಿಯಾಗೇ ಇದೆ, ನೀವು ನಿಂತಿರೋದು ಸರಿಯಿಲ್ಲ. ಬಸ್ಸಿಗೆ ಕಾಯೋರ ಥರ ನಟ್ಟನಡುವೆ ನಿಂತಿದೀರ. ನಡು ಬಿಡಿ. ಅಂಚಿಗೆ ಬನ್ನಿ. ಅಂಚು ಪಾದದ ನಡುವಿಗೆ ಸಿಗಬೇಕು.”

ಎಲ್ರಾಯ್ ಅಂಚಿಗೆ ಬಂದ.

“ಈಗ ಜೋಲಿಗೆ ಪೂರ್ತಿ ಕೂತ್ಬಿಡಿ. ಭಾರ ಅದು ಹೊರುತ್ತೆ, ನೀವಲ್ಲ. ಮಂಡಿ ಎರಡೂ ಮರಕ್ಕೆ ತಾಗಿಸಿ ಒರಗಿ. ಹಾಂ. ಈ ಹಲಗೆ ನಿಲ್ಲೋಕಲ್ಲ, ಒದ್ದು ಹಿಡಿಯೋಕೆ. ಹಲಗೆ ಹಿಂದಿನ ಹಲ್ಲು ಮರಕ್ಕೆ ಕಚ್ಚುತ್ತೆ ನೋಡಿ.”

ಹಲಗೆ ಸಣ್ಣಗೆ ಕಿರುಗುಟ್ಟಿ ಕಾಂಡವನ್ನು ಕಚ್ಚಿತು. ಉರಿ ಇಳಿಯಿತು. ಮಂಡಿ ಬೈಯುವುದನ್ನು ನಿಲ್ಲಿಸಿತು. ಎಲ್ರಾಯ್‌ಗೆ ತನ್ನ ಇನ್ನೂರ ಮೂವತ್ತೆಂಟು ಪೌಂಡುಗಳು ಎಲ್ಲಿ ಹೋದವೆಂದೇ ತಿಳಿಯಲಿಲ್ಲ. ಗಾಳಿಗೆ ಮರ ಸ್ವಲ್ಪ ತೂಗಿದರೆ ಅವನೂ ತೂಗಿದ. ಬೇಸಿಗೆಯಿಡೀ ತೂಗಿ ಅಳೆದು ಓದಿದ್ದು ಅವನಿಗೆ ಕಲಿಸದ್ದನ್ನು ಈ ಹುಡುಗಿ ಎರಡು ನಿಮಿಷದಲ್ಲಿ ಕಲಿಸಿದ್ದಳು. ತೊಟ್ಟಿಲಿನಲ್ಲಿರುವ ಮಗುವಿನಂತೆ ಅವನ ಮುಖ ಅರಳಿತು.

ಕೆಳಗಿನವರಿಗೆ ಕಂಡದ್ದು ಇಷ್ಟು: ಸರ್ಕಾರದ ಅಧಿಕಾರಿ ಹತ್ತಿದಳು, ಕಿವಿಯಲ್ಲಿ ಏನೋ ಬೆದರಿಸಿದಳು, ಎಲ್ರಾಯ್ ಬಗ್ಗಲಿಲ್ಲ, ಬದಲಿಗೆ ಇನ್ನೂ ಅಂಚಿಗೆ ಹೋಗಿ ನಗುತ್ತ ನಿಂತ!

“ಉಕ್ಕು ಕಣ್ರೋ, ಉಕ್ಕು,” ಎಂದ ಬಡ್.

ಮಾಯ್ ಇಳಿದು ಬಂದು ಕೈ ಒರೆಸಿಕೊಂಡಳು. “ಈ ಮರಕ್ಕೆ ಬಣ್ಣ ಹಚ್ಚಿದ್ದು ಯಾರು? ಇದಕ್ಕೆ ಏನೂ ಆಗಿಲ್ಲ. ಮದ್ದು ಚುಚ್ಚಿದ್ರೆ ಇನ್ನೂ ಎಷ್ಟೋ ವರ್ಷ ಇರುತ್ತೆ. ಉಳಿದವನ್ನ ನಾನು ಒಂದೊಂದಾಗಿ ನೋಡಬೇಕು.”

ಲೈಲ್ ಹಣೆ ಒರೆಸಿಕೊಂಡ. ಬರುವ ಏಪ್ರಿಲ್‌ನಲ್ಲಿ ಚುನಾವಣೆ. ಹುಲ್ಲಿನ ಮೇಲೆ ಈಗ ಎಂಬತ್ತು ಮತಗಳು ಕೂತು ಕಾಫಿ ಕುಡಿಯುತ್ತಿದ್ದವು. ಎರಡೂ ಮೂವತ್ತೆಂಟಕ್ಕೆ ಅವನು ತನ್ನ ವಿಮಾ ಕಚೇರಿಯ ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆದು, ಗಟ್ಟಿಯಾಗಿ ಓದಿದ: “ಈ ಮರ ಕಡಿಯುವುದಿಲ್ಲ. ಆಯ್ತಾ? ಇಳಿಯಪ್ಪಾ!”

ಚಪ್ಪಾಳೆ ಮುಗಿಲು ಮುಟ್ಟಿತು. ಎಲ್ರಾಯ್ ಕಿಟಕಿ ನೋಡಿದ. ಆರ್ಡಿಸ್ ಗಡಿಯಾರ ನೋಡಿ ಇಲ್ಲವೆಂದು ತಲೆಯಾಡಿಸಿದಳು.

ಅವನು ಇಳಿಯಲಿಲ್ಲ.

“ಮತ್ತೇನಂತೆ ಅವನಿಗೆ?” ಎಂದ ಲೈಲ್.

“ಇನ್ನೂ ಇಪ್ಪತ್ತೆರಡು ನಿಮಿಷ ಅಂತೆ!” ಎಂದು ಸಾರಿದ ಬಡ್.

ವಿಮೆಯವರಿಗೆ ಗಡುವು ಎಂದರೆ ಏನೆಂದು ಗೊತ್ತು. ಲೈಲ್ ವಾಂಡಾಳತ್ತ ನೋಡಿದ, ಗುಂಪಿನತ್ತ ನೋಡಿದ, ಬಟಾಟೆ ಮುಗಿಸಿ ಈಗ ಚಾಕು ಮಸೆಯುತ್ತಿದ್ದ ಆರ್ಡಿಸ್‌ಳತ್ತ ನೋಡಿದ. ಹದಿನೈದು ನಿಮಿಷ ತಡೆದುಕೊಂಡ. ಆಮೇಲೆ ಪೆನ್ನು ತೆಗೆದು, “ಹಾಳಾಗ್ಲಿ! ಹದಿನೇಳೂ! ಈ ಹುಡುಗಿ ನೋಡಿ ಹೇಳೋವರೆಗೆ ಒಂದನ್ನೂ ಕಡಿಯಲ್ಲ!” ಎಂದು ಬರೆದು ಸಹಿ ಹಾಕಿದ. ವಾಂಡಾ ಅವನನ್ನೇ ತಬ್ಬಿಕೊಂಡುಬಿಟ್ಟಳು.

ಸರಿಯಾಗಿ ಮೂರು ಗಂಟೆಗೆ ಆರ್ಡಿಸ್ ಬಾಗಿಲು ತೆರೆದು ಹೊರಗೆ ಬಂದಳು. “ಸಾಕು, ಇಳಿ,” ಎಂದಳು. ಎಲ್ರಾಯ್ ಹಲಗೆ ಬಿಚ್ಚಿಕೊಂಡು ಮೆಟ್ಟಿಲು ಮೆಟ್ಟಿಲಾಗಿ ಇಳಿದು ನೆಲ ಮುಟ್ಟಿದ. ಎಂಬತ್ತು ಕೈಗಳು ಅವನ ಬೆನ್ನು ತಟ್ಟಲು ಬಂದವು. ಮೆಚ್ಚುಗೆಯನ್ನು ಸುಮ್ಮನೆ ಇಟ್ಟುಕೊಂಡು ಮನೆಯೊಳಗೆ ಹೋಗಬಹುದಿತ್ತು. ಬೇರೆ ಯಾರಾದರೂ ಅದನ್ನೇ ಮಾಡುತ್ತಿದ್ದರು. ಆದರೆ ಅವನಿಗೆ ವಾಂಡಾಳ ಮುಖ ನೋಡಲಾಗಲಿಲ್ಲ.

“ಕೇಳ್ರಪ್ಪಾ,” ಎಂದ, ಆ ದಿನದಲ್ಲಿ ಮೊದಲ ಸಲ ಗಟ್ಟಿಯಾಗಿ. “ನಾನು ಮರ ಉಳಿಸೋಕೆ ಹತ್ತಿದ್ದಲ್ಲ. ಕಡೀತಾರೆ ಅಂತಾನೇ ಗೊತ್ತಿರಲಿಲ್ಲ. ಈ ಹಲಗೆ ತಾಳುತ್ತಾ ಅಂತ ನೋಡ್ತಿದ್ದೆ. ಕೌಂಟಿ ಕಾಡಿಗೆ ಹೊತ್ಕೊಂಡ್ಹೋಗೋಕೆ.”

ಎಲ್ರಾಯ್ ತಲೆ ತಗ್ಗಿಸಿದ. ಊರು ಬಿಟ್ಟು ಯಾವ ಕಡೆ ಹೋಗಬಹುದೆಂದು ಯೋಚಿಸತೊಡಗಿದ.

ಬಡ್ ಮುಂದೆ ಬಂದ. ಹಲಗೆಯನ್ನು ಎರಡು ಬೆರಳಲ್ಲಿ ಎತ್ತಿದ. ಅವನ ಹುಬ್ಬು ಮೇಲೇರಿತು. “ಇದಾ? ಇದರ ಮೇಲೆ? ಆರು ಗಂಟೆ?”

“ಹೂಂ.”

“ನಿನ್ನ ತೂಕ?”

“ಇನ್ನೂರ ಮೂವತ್ತೆಂಟು,” ಎಂದ ಎಲ್ರಾಯ್. ಆ ದಿನ ಅವನಿಗೆ ನಿಜ ಹೇಳುವುದು ಅಭ್ಯಾಸವಾಗಿಬಿಟ್ಟಿತ್ತು.

“ಮೇಲೆ ಮೂರು ಮನೆ ಹಾಟ್‌ಡಿಶ್,” ಎಂದರು ಚರ್ಚಿನ ಹೆಂಗಸರು.

ಗುಂಪಿನಲ್ಲಿ ಒಂದು ಉದ್ಗಾರ ಅಲೆಯಂತೆ ಹರಿಯಿತು. ಮರ ಉಳಿಸುವವರು ಲೋಕದಲ್ಲಿ ಬೇಕಾದಷ್ಟಿದ್ದಾರೆ. ಪೇಪರಿನಲ್ಲಿ ದಿನವೂ ಬರುತ್ತಾರೆ. ಆದರೆ ಮೂರು ಪೌಂಡಿನ ಹಲಗೆಯ ಮೇಲೆ, ಕೆಟ್ಟ ಮಂಡಿ ಇಟ್ಟುಕೊಂಡು, ಇನ್ನೂರ ಮೂವತ್ತೆಂಟು ಪೌಂಡಿನ ಮನುಷ್ಯ ಅಲುಗಾಡದೆ ಆರು ಗಂಟೆ! ಹಲಗೆ ಕೈಯಿಂದ ಕೈಗೆ ಹೋಯಿತು. ಒಬ್ಬೊಬ್ಬರೂ ಎತ್ತಿ, ತೂಗಿ, ತಿರುಗಿಸಿ, ಹಲ್ಲು ಮುಟ್ಟಿ ನೋಡಿದರು. ಹಲ್ಲು ಹೇಗೆ ಕಚ್ಚುತ್ತದೆಂದು ಮಾಯ್ ಹತ್ತು ಜನರಿಗೆ ತೋರಿಸಿದಳು. ಅಧ್ಯಕ್ಷ ಲೈಲ್ ಅದನ್ನು ಮರದ ಬುಡಕ್ಕೆ ಬಿಗಿಸಿ, ಕಚೇರಿಯ ಬೂಟಿನಲ್ಲೇ ಹತ್ತಿ, ಮರ ತಬ್ಬಿ ನಿಂತು, “ಆಹಾ,” ಎಂದ. ಬರೆದುಕೊಟ್ಟ ಕ್ಯಾಲೆಂಡರಿನ ವಿಷಯ ಯಾರೂ ಎತ್ತಲಿಲ್ಲ; ಕೊಟ್ಟದ್ದು ಕೊಟ್ಟದ್ದೇ.

ವಾಂಡಾ ಎಲ್ರಾಯ್‌ನ ತೋಳು ಹಿಡಿದು ಬಗ್ಗಿಸಿ ಕೆನ್ನೆಗೆ ಮುತ್ತಿಟ್ಟಳು. “ಯಾತಕ್ಕೆ ಹತ್ತಿದ್ರೇನಪ್ಪಾ, ಇಳೀಲಿಲ್ಲವಲ್ಲ.”

ಆರ್ಡಿಸ್ ಅವನ ಜೋಲಿಯ ಪಟ್ಟಿ ಸರಿ ಮಾಡುತ್ತ, ಬೇರೆ ಯಾರಿಗೂ ಕೇಳಿಸದಂತೆ, “ಚೆನ್ನಾಗಿ ನಿಂತೆ. ಶನಿವಾರ ಹೋಗು,” ಎಂದಳು. ಮದುವೆಯಾದ ಮೂವತ್ತೆರಡು ವರ್ಷಗಳಲ್ಲಿ ಎಲ್ರಾಯ್‌ಗೆ ಇಂಥ ಮಾತು ಸಿಕ್ಕಿದ್ದು ಎರಡನೆಯ ಸಲ. ಅವನ ಕಣ್ಣ ಮುಂದೆ ಕೌಂಟಿ ಕಾಡು ತೆರೆದುಕೊಂಡಿತು. ಕೆಸರಿನಾಚೆಯ ಓಕ್ ಮರಗಳು, ಬೆಳಗಿನ ಮಂಜು, ಎರಡು ಮೈಲಿಯ ತನಕ ಒಂದು ನರಪಿಳ್ಳೆಯಿಲ್ಲ.

ಅಷ್ಟರಲ್ಲಿ ಗೇಲನ್ ಗುಂಪು ಸೀಳಿಕೊಂಡು ಬಂದು ಅವನ ಹೆಗಲ ಮೇಲೆ ಕೈ ಹಾಕಿದ. ಅವನ ಕಣ್ಣೂ ತೇವವಾಗಿತ್ತು.

“ಎಲ್ರಾಯ್, ನಾನು ನಿನ್ನನ್ನ ನಗಾಡಿದ್ದೆ. ಇವತ್ತು ನೋಡಿ ನಾಚಿಕೆ ಆಯ್ತು ಕಣೋ. ಆ ಪೆಟ್ಟಿಗೆ ಮುದುಕರಿಗೆ. ಈಗ್ಲೇ ಫೋನಲ್ಲಿ ಒಂದು ಜೋಲಿ, ಇದೇ ಹಲಗೆ ಹೇಳಿಬಿಟ್ಟೆ, ನಾಳೆ ಸಂಜೆ ಬರುತ್ತೆ. ಶನಿವಾರ ನಾನೂ ನಿನ್ನ ಜೊತೆ ಬರ್ತೀನಿ. ಅಕ್ಕಪಕ್ಕದ ಎರಡು ಮರ ನೋಡು. ಹತ್ತಡಿ ದೂರ ಇದ್ರೆ ಸಾಕು, ಪಿಸುಗುಟ್ಟಿದ್ರೂ ಕೇಳಿಸುತ್ತೆ. ಆ ಆಪರೇಷನ್ ಕಥೆ ಅರ್ಧಕ್ಕೇ ನಿಂತುಹೋಗಿತ್ತಲ್ಲ.”

ಎಲ್ರಾಯ್ ಯಾರಿಗೂ ಇಲ್ಲವೆಂದವನಲ್ಲ. ಈಗಲೂ ಅನ್ನಲಿಲ್ಲ. ಲೈ‌ಲ್‌ನ ಕಾಲಡಿಯಿಂದ ಹಲಗೆಯನ್ನು ವಿನಯದಿಂದ ಬಿಡಿಸಿಕೊಂಡ, ಚೀಲಕ್ಕೆ ಹಾಕಿದ, ಜೋಲಿಯ ಕೊಂಡಿ ಸಿಕ್ಕಿಸಿದ, ಮತ್ತೆ ಮರ ಹತ್ತಲು ಶುರು ಮಾಡಿದ. ಮೊದಲ ಸಲ ಹತ್ತಡಿಗೆ ನಿಂತಿದ್ದವನು ಈ ಸಲ ಅಲ್ಲಿ ನಿಲ್ಲಲಿಲ್ಲ.

ಅಧ್ಯಕ್ಷ ಲೈಲ್ ಬ್ರಾಟನ್ ತಲೆಯೆತ್ತಿ ನೋಡಿ, ಜೇಬಿನಿಂದ ಪೆನ್ನು ಹೊರಗೆ ತೆಗೆದ.

“ಬಡ್,” ಎಂದ ಕ್ಷೀಣವಾಗಿ, “ಈಗ ಇನ್ನೇನು ಬೇಕಂತೆ ಕೇಳು.”